ವಜಾ ಏಕಾಯಿತು, ಹೇಳಬೇಡವೇ?

ಸಿವಿಲ್ ವ್ಯಾಜ್ಯದಲ್ಲಿ ಸೋತವರ ಬಾಯಲ್ಲಿ ಮೊದಲು ಬರುವ ಮಾತು, ‘ಹೈಕೋರ್ಟಿಗೆ ಹೋಗ್ತೀನಿ, ಅಲ್ಲೂ ಆಗದಿದ್ರೆ ಸುಪ್ರೀಂ ಕೋರ್ಟು’. ಒಡವೆ ಅಡವಿಟ್ಟಾದರೂ ಹೋಗುತ್ತಾರೆ. ಅವರಲ್ಲಿ ಎಷ್ಟೋ ಜನರಿಗೆ, ಎದುರು ಪಕ್ಷಕ್ಕೆ ನೋಟಿಸ್ ಕೂಡ ಹೋಗದೆ, ಅಡ್ಮಿಷನ್ ಹಂತದಲ್ಲೇ ‘ವಜಾ’ ಎಂಬ ಉತ್ತರ ಸಿಗುತ್ತದೆ. ವಜಾ ಮಾಡಿದ್ದು ತಪ್ಪೆಂದು ನಾನು ಹೇಳುವುದಿಲ್ಲ. ಹೀಗಾಗಬಹುದೆಂದು ಮೊದಲೇ ಯಾರೂ ಹೇಳದಿರುವುದು, ಆದ ಮೇಲೂ ಅರ್ಥವಾಗುವಂತೆ ತಿಳಿಸದಿರುವುದು ಅನ್ಯಾಯ.

ಒಂದು ಬಂಡಿದಾರಿಯ ತಕರಾರು ಎಂದಿಟ್ಟುಕೊಳ್ಳಿ. ಅಣ್ಣನ ಹೊಲದ ಬದುವಿನಗುಂಟ ತಮ್ಮ ಬಂಡಿ ಹೊಡೆಯುತ್ತಿದ್ದ, ಅಣ್ಣ ಮುಳ್ಳುಬೇಲಿ ಹಾಕಿದ. ತಮ್ಮ ತಾಲ್ಲೂಕು ಕೋರ್ಟಿನಲ್ಲಿ ದಾವೆ ಹೂಡಿದ. ಕೋರ್ಟ್ ಕಮಿಷನರ್ ಬಂದು ನಕ್ಷೆ ಬರೆದುಕೊಂಡರು, ಅಕ್ಕಪಕ್ಕದ ಹೊಲದವರು ಸಾಕ್ಷಿ ನುಡಿದರು, ಪಾಟೀಸವಾಲು ನಡೆಯಿತು. ತಮ್ಮ ಸೋತ. ಮೊದಲ ಮೇಲ್ಮನವಿಯಲ್ಲೂ ಸೋತ. ಈಗ ಎರಡನೇ ಮೇಲ್ಮನವಿ (ಆರ್‌ಎಸ್‌ಎ) ಹಾಕಿ ಹೈಕೋರ್ಟಿನ ಧಾರವಾಡ ಪೀಠದ ಮುಂದೆ ಬಂದಿದ್ದಾನೆ. ಅವನ ತಲೆಯಲ್ಲಿರುವುದು ಒಂದೇ: ಆ ಸಾಕ್ಷಿ ಸುಳ್ಳು ಹೇಳಿದ, ದೊಡ್ಡ ಕೋರ್ಟು ಅದನ್ನು ಹಿಡಿದೇ ಹಿಡಿಯುತ್ತದೆ. ಆದರೆ ಅಲ್ಲಿ ಸಾಕ್ಷಿಯ ಮಾತು ಚರ್ಚೆಗೇ ಬರುವುದಿಲ್ಲ. ‘ಎರಡೂ ಕೋರ್ಟುಗಳ ತೀರ್ಮಾನ ಒಂದೇ ಇದೆ, ಕಾನೂನಿನ ಪ್ರಶ್ನೆ ಏನು?’ ಎಂದು ಕೇಳುತ್ತಾರೆ. ವಕೀಲರ ಬಳಿ ಉತ್ತರವಿಲ್ಲದಿದ್ದರೆ ಮುಂದಿನ ಕೇಸು ಕೂಗುತ್ತಾರೆ.

ಇದು ಇಂದು ನಿನ್ನೆಯ ನಿಯಮವಲ್ಲ. ವಾಸ್ತವಾಂಶದ ತೀರ್ಮಾನ ಎಷ್ಟೇ ದೊಡ್ಡ ತಪ್ಪೆಂದು ಕಂಡರೂ ಅದೇ ಕಾರಣಕ್ಕೆ ಎರಡನೇ ಮೇಲ್ಮನವಿ ನಿಲ್ಲದು ಎಂದು ಪ್ರಿವಿ ಕೌನ್ಸಿಲ್ 1890ರಲ್ಲೇ ಹೇಳಿತ್ತು. ಸಿವಿಲ್ ಪ್ರಕ್ರಿಯಾ ಸಂಹಿತೆಯ 100ನೇ ಕಲಮಿಗೆ 1976ರಲ್ಲಿ ತಂದ ತಿದ್ದುಪಡಿ ಇನ್ನಷ್ಟು ಬಿಗಿ ಮಾಡಿತು. ‘ಮಹತ್ವದ ಕಾನೂನು ಪ್ರಶ್ನೆ’ ಇದ್ದರೆ ಮಾತ್ರ ವಿಚಾರಣೆ, ಆ ಪ್ರಶ್ನೆಯನ್ನು ಹೈಕೋರ್ಟ್ ಮೊದಲು ರೂಪಿಸಬೇಕು. 25,000 ರೂಪಾಯಿ ಮೀರದ ಹಣ ವಸೂಲಿ ದಾವೆಗಾದರೆ ಎರಡನೇ ಮೇಲ್ಮನವಿಯೇ ಇಲ್ಲ. ಈ ಬಿಗಿ ಬೇಕು. ಇಲ್ಲದಿದ್ದರೆ ಹಣವಿದ್ದವನು ಸೋಲುತ್ತಲೇ ಎಳೆಯುತ್ತಾನೆ, ಗೆದ್ದ ಬಡವನಿಗೆ ಡಿಕ್ರಿಯ ಫಲ ಮೊಮ್ಮಕ್ಕಳ ಕಾಲಕ್ಕೂ ಸಿಗದು.

ನಿಯಮಕ್ಕೆ ಅಪವಾದವೂ ಇದೆ. ಬಂಡಿದಾರಿಯ ಹಕ್ಕು ಪಾಲುಪತ್ರದಲ್ಲೇ ಬರೆದಿದ್ದು, ಎರಡೂ ಕೋರ್ಟುಗಳು ಅದರ ಅರ್ಥ ತಪ್ಪಾಗಿ ಮಾಡಿದ್ದರೆ ಅದು ಕಾನೂನಿನ ಪ್ರಶ್ನೆಯೇ. ದಾರಿ ಹಕ್ಕಿನದೇ ಒಂದು ವ್ಯಾಜ್ಯದಲ್ಲಿ 2006ರಲ್ಲಿ ಸುಪ್ರೀಂ ಕೋರ್ಟ್ ಹೀಗೆಂದಿದೆ. ಸಾಕ್ಷ್ಯವೇ ಇಲ್ಲದೆ ಕೊಟ್ಟ ತೀರ್ಮಾನ, ಮುಖ್ಯ ದಾಖಲೆಯನ್ನು ನೋಡದೆ ಕೊಟ್ಟ ತೀರ್ಮಾನವೂ ಹಾಗೆಯೇ. ಅಂದರೆ ಅಂಥ ಪಾಲುಪತ್ರ ತಮ್ಮನ ಕೈಯಲ್ಲಿದ್ದರೆ ಅದನ್ನು ಮುಂದಿಟ್ಟು ವಾದಿಸಬೇಕಿತ್ತು, ಸಾಕ್ಷಿಯ ಸುಳ್ಳನ್ನಲ್ಲ.

ಹಾಗಾದರೆ ಸಾಕ್ಷಿಯ ಸುಳ್ಳನ್ನು ತೂಗಿ ನೋಡುವ ಕೊನೆಯ ಜಾಗ ಯಾವುದು? ಮೊದಲ ಮೇಲ್ಮನವಿ. ನನ್ನ ಕಳವಳವೆಲ್ಲ ಇಲ್ಲಿದೆ. ಸಂಹಿತೆಯ 41ನೇ ಆದೇಶದ 31ನೇ ನಿಯಮದಂತೆ ಆ ನ್ಯಾಯಾಧೀಶರು ತೀರ್ಮಾನಿಸಬೇಕಾದ ಅಂಶಗಳನ್ನು ಎತ್ತಿ ಬರೆದು, ಪ್ರತಿಯೊಂದಕ್ಕೂ ಕಾರಣ ಕೊಡಬೇಕು. ಮೊದಲ ಮೇಲ್ಮನವಿ ಕಕ್ಷಿದಾರನ ಅಮೂಲ್ಯ ಹಕ್ಕು ಎಂದು ಸುಪ್ರೀಂ ಕೋರ್ಟ್ 2001ರಲ್ಲಿ ಸ್ಪಷ್ಟಪಡಿಸಿದೆ. ಆದರೂ ಕೆಳಗಿನ ಕೋರ್ಟಿನ ತೀರ್ಪನ್ನೇ ಪುಟಗಟ್ಟಲೆ ಎತ್ತಿ ಬರೆದು, ಕೊನೆಗೆ ‘ಹಸ್ತಕ್ಷೇಪಕ್ಕೆ ಕಾರಣವಿಲ್ಲ’ ಎಂದು ಮುಗಿಸುವ ತೀರ್ಪುಗಳು ಇವೆ. ಅಂಥ ತೀರ್ಪಿನ ಮೇಲೆ ‘ಎರಡು ಕೋರ್ಟು ನೋಡಿವೆ’ ಎಂದರೆ ಅದು ನಿಜವಲ್ಲ. ಒಂದೇ ಕೋರ್ಟು ನೋಡಿದೆ.

ಭಾಷೆಯ ಪ್ರಶ್ನೆ ಬೇರೆ. ತಾಲ್ಲೂಕಿನಲ್ಲಿ ಕನ್ನಡದಲ್ಲಿ ಸಾಕ್ಷಿ ಹೇಳಿದವನಿಗೆ, ಸಂವಿಧಾನದ 348ನೇ ವಿಧಿಯಿಂದಾಗಿ, ಹೈಕೋರ್ಟಿನ ಆದೇಶ ಇಂಗ್ಲಿಷಿನಲ್ಲಿ ಬರುತ್ತದೆ. ಅದರ ಜೊತೆಗೆ ಕನ್ನಡದಲ್ಲಿ ಅರ್ಧ ಪುಟದ ಕಾರಣ ಕೊಟ್ಟರೆ ಯಾವ ವಿಧಿಯೂ ಮುರಿಯುವುದಿಲ್ಲ.

ದೆಹಲಿಯ ಕಥೆಯೂ ತಿಳಿದಿರಲಿ. ವಿಶೇಷ ಅನುಮತಿ ಅರ್ಜಿಯನ್ನು ಸುಪ್ರೀಂ ಕೋರ್ಟ್ ಕಾರಣ ಕೊಡದೆ ವಜಾ ಮಾಡಿದಾಗ ‘ತೀರ್ಪು ಎತ್ತಿಹಿಡಿದ ಸುಪ್ರೀಂ’ ಎಂದು ಪತ್ರಿಕೆಗಳು ಬರೆಯುತ್ತವೆ. ಎತ್ತಿಹಿಡಿದದ್ದಲ್ಲ, ಮೇಲ್ಮನವಿಗೆ ಅನುಮತಿ ಕೊಡಲಿಲ್ಲ, ಅಷ್ಟೇ. ಕೊಳ್ಳೇಗಾಲದ ಮಹದೇಶ್ವರ ಸಹಕಾರ ಸಕ್ಕರೆ ಕಾರ್ಖಾನೆ ಕಕ್ಷಿಯಾಗಿದ್ದ ಪ್ರಕರಣದಲ್ಲಿ 2019ರಲ್ಲಿ ಮೂವರು ನ್ಯಾಯಮೂರ್ತಿಗಳು ಇದನ್ನು ಮತ್ತೆ ಖಚಿತಪಡಿಸಿದರು: ಹಾಗೆ ವಜಾ ಆದ ಮೇಲೂ ಹೈಕೋರ್ಟಿನಲ್ಲಿ ಮರುಪರಿಶೀಲನೆ ಕೇಳಬಹುದು.

ಹೈಕೋರ್ಟಿಗೆ ಎರಡನೇ ಮೇಲ್ಮನವಿ ಹಾಕಲು 90 ದಿನ ಇರುತ್ತದೆ. ಫೀಸು ಮಾತಾಡುವ ಮೊದಲು, ಈ ಕೇಸಿನಲ್ಲಿರುವ ಕಾನೂನಿನ ಪ್ರಶ್ನೆ ಯಾವುದೆಂದು ವಕೀಲರು ಒಂದು ಹಾಳೆಯ ಮೇಲೆ ಕನ್ನಡದಲ್ಲಿ ಬರೆದು ಕಕ್ಷಿದಾರನ ಕೈಗೆ ಕೊಡಲಿ. ಬರೆಯಲು ಆಗದಿದ್ದರೆ ಫೈಲನ್ನು ವಾಪಸು ಕೊಟ್ಟು, ಅವನನ್ನು ಊರಿಗೆ ಕಳುಹಿಸಲಿ.