ರಿವಾಯತ್: ಯಾರು ಹೇಳಿದ್ದು, ಯಾರಿಂದ ಕೇಳಿದ್ದು?

ಮೊಹರಂ ಬಂತೆಂದರೆ ನಮ್ಮ ಸಾಲಗುಂದದ ಕಡೆ ಹಿಂದೂಗಳೂ ಮುಸಲ್ಮಾನರೂ ಕೂಡಿ ಅಲಾಯಿ ಕುಣಿಯ ಸುತ್ತ ಹೆಜ್ಜೆ ಹಾಕುತ್ತ ರಿವಾಯತ್ ಪದ ಹಾಡುವರು. ಲಿಂಗಸುಗೂರು ತಾಲೂಕಿನ ಮುದಗಲ್ಲಿನ ಮೊಹರಮ್ಮಂತೂ ನಾಡಿಗೆಲ್ಲ ಹೆಸರಾದುದು. ಈ ಪದಗಳಲ್ಲಿನ ಕರ್ಬಲದ ಕಥೆ ಹಳೆಯ ಗ್ರಂಥಗಳಲ್ಲಿಲ್ಲ, ಆದುದರಿಂದ ಇವುಗಳನ್ನು ನಿಲ್ಲಿಸಬೇಕೆನ್ನುವವರಿದ್ದಾರೆ. ಹಿರಿಯರು ಹಾಡಿದುದೆಲ್ಲ ನಡೆದದ್ದೇ ಎನ್ನುವವರೂ ಇದ್ದಾರೆ. ಇಬ್ಬರ ಮಾತೂ ನನಗೆ ಒಪ್ಪಿಗೆಯಾಗದು.

‘ರಿವಾಯತ್’ ಅರಬ್ಬಿ ಶಬ್ದ. ಒಬ್ಬರಿಂದ ಕೇಳಿ ಮತ್ತೊಬ್ಬರಿಗೆ ಒಪ್ಪಿಸಿದ ಮಾತು ಎಂದರ್ಥ. ಪೈಗಂಬರರ ಸಂಗಾತಿಗಳಾದ ಸಹಾಬಿಗಳ ಚರಿತ್ರೆಯೆಲ್ಲ ಇಂಥ ಮಾತುಗಳಿಂದಲೇ ಕಟ್ಟಿದ್ದು. ಇಂಥವರು ಇಂಥವರಿಂದ ಕೇಳಿದರೆಂಬ ಹೆಸರಿನ ಸರಪಳಿಗೆ ‘ಇಸ್ನಾದ್’ ಎನ್ನುವರು. ಕ್ರಿ. ಶ. 845ರಲ್ಲಿ ತೀರಿಕೊಂಡ ಇಬ್ನ್ ಸಾದರು ಒಂದೇ ಸಂಗತಿಯ ಬಗೆಗೆ ಒಂದಕ್ಕೊಂದು ಹೊಂದದ ವರದಿಗಳನ್ನು ಪಕ್ಕಪಕ್ಕದಲ್ಲಿಯೇ ಇರಿಸಿದ್ದಾರೆ. 923ರಲ್ಲಿ ತೀರಿಕೊಂಡ ತಬರಿಯವರು ತಮ್ಮ ಪೀಠಿಕೆಯಲ್ಲಿ, ನಂಬಲಾಗದ್ದು ಕಂಡರೆ ಅದರ ಹೊಣೆ ತಮಗೆ ಹೇಳಿದವರದೆಂದು ಸ್ಪಷ್ಟಪಡಿಸಿದ್ದಾರೆ. ನಮ್ಮ ಪಠ್ಯಪುಸ್ತಕಗಳಲ್ಲಿಯೂ ಇಷ್ಟು ಪ್ರಾಮಾಣಿಕತೆ ಅಪರೂಪ!

ಕರ್ಬಲದ ಯುದ್ಧ ನಡೆದುದು 680ರಲ್ಲಿ. ಪೈಗಂಬರರು ತೀರಿಕೊಂಡಾಗ ಹುಸೇನರು ಆರು ವರುಷದ ಬಾಲಕ. ಆದರೂ ಅವರನ್ನು ಸಹಾಬಿಗಳಲ್ಲಿ ಎಣಿಸುವುದುಂಟು. ಆ ಯುದ್ಧದ ಹಳೆಯ ವಿವರ ಹೆಚ್ಚಾಗಿ 774ರಲ್ಲಿ ತೀರಿಕೊಂಡ ಅಬೂ ಮಿಖ್ನಫರದು; ಅದು ತಬರಿಯವರ ಗ್ರಂಥದಲ್ಲಿ ಉಳಿದಿದೆ. ಹದೀಸಿನ ಪಂಡಿತರು ಅವರನ್ನು ದುರ್ಬಲ ಸಾಕ್ಷಿಯೆಂದರು. ಆದರೆ ಚರಿತ್ರಕಾರರಿಗೆ ಅವರನ್ನು ಬಿಟ್ಟರೆ ಗತಿಯಿಲ್ಲ. ಯುದ್ಧವನ್ನು ಕಣ್ಣಾರೆ ಕಂಡವರ ಮಾತು ಅವರಲ್ಲಿ ದೊರೆಯುತ್ತದೆ. ದುರ್ಬಲ ಎಂದರೆ ಸುಳ್ಳು ಎಂದಲ್ಲ, ತೂಗಿ ನೋಡು ಎಂದಷ್ಟೇ.

ಇನ್ನು ನಮ್ಮವರು ಹಾಡುವ ಕಾಸೀಮನ ಮದುವೆ. ರಣರಂಗದಲ್ಲಿ ನಡೆದುದೆನ್ನುವ ಈ ಮದುವೆ ಅಬೂ ಮಿಖ್ನಫರಲ್ಲಿ ಇಲ್ಲ. ಸುಮಾರು 1502ರಲ್ಲಿ ಹುಸೇನ್ ವಾಯಿಜ್ ಕಾಶಿಫಿಯವರು ಬರೆದ ‘ರೌಜತುಶ್ಶುಹದಾ’ ಎಂಬ ಪಾರಸಿ ಗ್ರಂಥದಿಂದ ಅದು ಹೆಸರಾಯಿತು. ಆದುದರಿಂದ 680ರ ಸಂಗತಿಗೆ ಈ ಹಾಡು ಸಾಕ್ಷಿಯಾಗಲಾರದು. ಆದರೆ ಮೈಯ ಅರಿಸಿನ ಆರುವ ಮೊದಲೇ ಮಡಿದ ಮದುಮಗನಿಗಾಗಿ ನಮ್ಮ ಒಕ್ಕಲು ಮಕ್ಕಳು ತಲೆಮಾರುಗಳಿಂದ ಅತ್ತರೆಂಬುದಕ್ಕೆ ಇದಕ್ಕಿಂತ ಬಲವಾದ ಸಾಕ್ಷಿ ಯಾವುದಿದೆ? ಅದನ್ನು ನಿಲ್ಲಿಸಿದರೆ ಚರಿತ್ರೆಯ ಯಾವ ತಪ್ಪೂ ತಿದ್ದಿದಂತಾಗದು.

ಸಿಂಧನೂರು, ಮಸ್ಕಿ ಕಡೆಯ ಸಹಪಾಠಿಗಳು ಬರುವ ಮೊಹರಮ್ಮಿನಲ್ಲಿ ಈ ಪದಗಳನ್ನು ಬರೆದುಕೊಳ್ಳಬೇಕೆಂದು ನನ್ನ ವಿನಂತಿ. ಬರೆಯುವಾಗ, ಹಾಡಿದ ಅಜ್ಜ ಯಾವ ಊರಿನವನು, ಯಾರಿಂದ ಕಲಿತನು, ಅವನ ಗುರು ಯಾರಿಂದ ಕಲಿತಿದ್ದನು ಎಂಬುದನ್ನು ಮೊದಲು ಕೇಳಿ ಪದದ ಮೇಲ್ಗಡೆಯೇ ಬರೆಯಲಿ.