ಮಿನ್ಯೊ ನದಿಯ ಎರಡು ದಡ
ಈ ವಾರ ವಾಯವ್ಯ ಸ್ಪೇನಿನ ಗಲಿಸಿಯಾದ ರೇಡಿಯೊ ಕೇಳಿದೆ: ಪದಗಳ ಮೈಕಟ್ಟು ಪೋರ್ಚುಗೀಸಿನದು, ಮಾತಿನ ರಾಗ ಸ್ಪ್ಯಾನಿಷ್‌ನದು. ಮಧ್ಯಯುಗದಲ್ಲಿ ಗಲಿಸಿಯನ್, ಪೋರ್ಚುಗೀಸ್ ಒಂದೇ ನುಡಿ. 13ನೇ ಶತಮಾನದ ಕ್ಯಾಸ್ಟೀಲಿನ ದೊರೆ ಹತ್ತನೆಯ ಆಲ್ಫೊನ್ಸೊ ಕೂಡ ಮೇರಿ ಮಾತೆಯ ಸ್ತುತಿಗೀತೆಗಳಿಗೆ ತನ್ನ ರಾಜ್ಯದ ಕ್ಯಾಸ್ಟಿಲಿಯನ್ ಬಿಟ್ಟು ಅದನ್ನೇ ಆರಿಸಿಕೊಂಡ. ಅಂಥ ಗಲಿಸಿಯನ್ ನುಡಿಗೆ 1982ರಲ್ಲಿ ಗೊತ್ತುಮಾಡಿದ ಕಾಗುಣಿತ ಬಹುಮಟ್ಟಿಗೆ ಸ್ಪ್ಯಾನಿಷ್ ಬರಹದ ಜಾಡು ಹಿಡಿಯಿತು. ಸ್ಪ್ಯಾನಿಷ್‌ನಲ್ಲೇ ಓದು ಕಲಿತವರಿಗೆ ಅದು ಸುಲಭ, ಒಪ್ಪುತ್ತೇನೆ. ಆದರೆ ಗಡಿಯ ಮಿನ್ಯೊ ನದಿಯಾಚೆಯ ಪೋರ್ಚುಗೀಸ್ ಪುಸ್ತಕಲೋಕ, ಬ್ರೆಜಿಲ್ ಕೂಡ, ಪುಟದ ಮೇಲೆ ಪರದೇಶವಾಗಿಬಿಟ್ಟವು. ಗಲಿಸಿಯಾದ ಮಕ್ಕಳು ಸ್ಪ್ಯಾನಿಷ್‌ಗೆ ಜಾರುತ್ತಿರುವ ಈ ಹೊತ್ತಿನಲ್ಲಿ ಕಾಗುಣಿತದ ಜಗಳಕ್ಕಿಂತ ನನಗೆ ದೊಡ್ಡದಾಗಿ ಕಾಣುವುದು 2014ರಲ್ಲಿ ಅಲ್ಲಿನ ಶಾಸನಸಭೆ ಅವಿರೋಧವಾಗಿ ಒಪ್ಪಿದ ಪಾಸ್-ಆಂದ್ರಾದೆ ಕಾನೂನು. ಪೋರ್ಚುಗೀಸನ್ನು ಶಾಲೆಗಳಿಗೆ ಕ್ರಮೇಣ ತರಬೇಕೆನ್ನುತ್ತದೆ ಅದು. ಊರೂರಿನ ಶಾಲೆಗೂ ಮೊದಲು ಒಬ್ಬ ಪೋರ್ಚುಗೀಸ್ ಮೇಷ್ಟ್ರು ಬರಲಿ.