ನೆಲದ ಕಾಯಕ

ಗಣಕಯಂತ್ರದಲ್ಲಿ ವಿಮಾನ ಹಾರಿಸುವ ಆಟವನ್ನು ಮೊಮ್ಮಗನು ನಮಗೆ ತೋರಿಸಿದನು. ಹಾರಲು ನಾವು ಆತುರಪಟ್ಟೆವು, ಅವನು ಬಿಡಲಿಲ್ಲ. "ತಡೀರಿ ಅಜ್ಜಾ, ಸಾಮಾನು ಏರಬೇಕು, ಇಂಧನ ತುಂಬಬೇಕು, ಗಾಲಿಗೆ ಕೊಟ್ಟ ಅಡ್ಡಗಟ್ಟೆ ತೆಗೆಯಬೇಕು, ಆಮೇಲೆ ಟ್ರ್ಯಾಕ್ಟರು ಹಿಂದಕ್ಕೆ ನೂಕಬೇಕು" ಎಂದನು. ಅರ್ಧ ಗಂಟೆ ನೆಲದ ಮೇಲೆಯೇ ಕಳೆಯಿತು. ಆಟಕ್ಕೂ ಇಷ್ಟು ನೇಮವೇ ಎಂದು ನಾವು ಬೇಸರಿಸಿದ್ದುಂಟು.

ಆದರೆ 1983ರ ಜುಲೈ 23ರಂದು ಏರ್ ಕೆನಡಾದ ಬೋಯಿಂಗ್ 767ಕ್ಕೆ 22,300 ಕಿಲೋಗ್ರಾಂ ಇಂಧನ ಬೇಕಾಗಿದ್ದಿತು. ನೆಲದ ಮೇಲಿನ ಲೆಕ್ಕದಲ್ಲಿ ಪೌಂಡಿನ ಗುಣಕ ಸೇರಿಕೊಂಡು, ಅರ್ಧಕ್ಕಿಂತಲೂ ಕಡಿಮೆ ಇಂಧನದೊಡನೆ ವಿಮಾನವು ಮೇಲೇರಿತು. ನಡು ಆಕಾಶದಲ್ಲಿ ಎರಡೂ ಎಂಜಿನ್ನುಗಳು ನಿಂತವು. ಗಿಮ್ಲಿಯ ಹಳೆಯ ವಾಯುನೆಲೆಗೆ ಅದನ್ನು ತೇಲಿಸಿ ಇಳಿಸಿದ ಪೈಲಟರನ್ನು ಲೋಕವು ಕೊಂಡಾಡಿತು. 69 ಜನರೂ ಉಳಿದರು. ಇಂಧನ ಸರಿಯಾಗಿ ಅಳೆದು ತುಂಬುವವನನ್ನು ಕೊಂಡಾಡುವವರಾರು? ಅವನದೂ ಕಾಯಕವೇ.

ಈಗ ಮೊಮ್ಮಗನು ಇಂಧನದ ಅಂಕಿ ಒತ್ತುವಾಗ, "ಕಿಲೋವೋ, ಪೌಂಡೋ?" ಎಂದು ನಾವೇ ಕೇಳುತ್ತೇವೆ.